ಸವೆಸದೆ ಉಳಿದ ಕುರ್ಚಿ

ಪೋಟ್ಸ್‌ಡಾಮ್
೧೪ ನವೆಂಬರ್ ೧೯೯೬

ಪ್ರೀತಿಯ ಮಗಳು ವೀಬ್ಕೆಗೆ,

ಚೆನ್ನಾಗಿದ್ದೀಯಾ? ನಿನ್ನ ಹುಟ್ಟುಹಬ್ಬ ಕಳೆದು ಒಂಬತ್ತು ದಿನವಾಯಿತು. ಹುಟ್ಟಿದ ದಿನಕ್ಕೆ ಮುಂಚೆ ಹಾರೈಸಿದರೆ ಕೇಡು ಎಂದು ನಿನ್ನಜ್ಜಿ ಹೆದರಿಸುತ್ತಿದ್ದಳಲ್ಲ, ಆ ಭಯಕ್ಕೇ ಇಷ್ಟು ತಡ ಮಾಡಿದೆ ಎಂದುಕೋ. ನಗು ಬಂದರೆ ನಕ್ಕುಬಿಡು.

ನಿನ್ನ ಅಮ್ಮನನ್ನು ಮಣ್ಣು ಮಾಡಿದ ದಿನ ಸ್ಮಶಾನದ ಗೇಟಿನಲ್ಲಿ, "ಅಪ್ಪಾ, ನೀನು ಅಮ್ಮನ್ನ ಒಂದಿನಾನೂ ನೋಡ್ಲಿಲ್ಲ" ಎಂದು ಹೋದವಳು ನೀನು. ಮೂರು ವರ್ಷವಾಯಿತು, ಮಾತಿಲ್ಲ. ನನಗೂ ಸಿಟ್ಟು ಬಂದಿತ್ತು. ನೋಡುವುದೇ ನನ್ನ ಕಸುಬು. ನಲವತ್ತು ವರ್ಷ ಸಿನಿಮಾಕ್ಕೆ, ಟೀವಿಗೆ ಮನೆ, ಬೀದಿ, ಜೈಲು, ಅರಮನೆಯ ಸೆಟ್ಟು ಎಲ್ಲ ಕಟ್ಟಿಕೊಟ್ಟವನು. ನನಗೇ ಕಣ್ಣಿಲ್ಲ ಅಂದರೆ?

ಈಗ ಸುದ್ದಿ ಕೇಳು. ಕೊನೆಯದೆಂದು ಒಂದು ಧಾರಾವಾಹಿ ಒಪ್ಪಿಕೊಂಡೆ. ಅರವತ್ತರ ದಶಕದ ಅಡುಗೆಮನೆ ಬೇಕಿತ್ತು ಅವರಿಗೆ. ನಮ್ಮದನ್ನೇ ಕಟ್ಟಿದೆ! ಪಟ ನೋಡಲಿಲ್ಲ, ಎಲ್ಲ ನೆನಪಿನಿಂದಲೇ. ಮುಚ್ಚಿದರೂ ಗಾಳಿ ಬಿಡುತ್ತಿದ್ದ ಕಿಟಕಿ, ಗೋಡೆಯಲ್ಲಿ ಮೂಲೆ ಒಡೆದ ಹಸಿರು ಬಿಲ್ಲೆ, ಒಲೆಯ ಮುಂದೆ ನೆಲಹಾಸು ಸವೆದು ಬಿಳಿಚಿಕೊಂಡ ಜಾಗ, ಒಂದೂ ಬಿಟ್ಟಿಲ್ಲ. ನಿನ್ನನ್ನು ಕರೆಸಿ ಅದರೊಳಗೆ ನಿಲ್ಲಿಸಿ, "ಈಗ ಹೇಳು, ನಾನು ನೋಡಿರಲಿಲ್ಲವಾ?" ಎಂದು ಕೇಳಬೇಕೆಂದಿದ್ದೆ.

ಅಷ್ಟರಲ್ಲಿ ಹೆಡ್ವಿಗ್ ಅಡ್ಡ ಬಂದಳು. ಹೊಸ ಸಾಮಾನನ್ನು ಹಳೆಯದು ಮಾಡುವ ಬಣ್ಣದವಳು ಅವಳು. ಕೈ ತಾಗುವಲ್ಲಿ, ಬೆನ್ನು ಒರಗುವಲ್ಲಿ ಮಾತ್ರ ಉಪ್ಪುಕಾಗದ ತಿಕ್ಕಿ ಬಣ್ಣ ಸವೆಸುತ್ತಾಳೆ.

"ಮೇಷ್ಟ್ರೇ, ನಾಕು ಕುರ್ಚಿ. ಯಾರು ಎಲ್ಲಿ ಕೂರ್ತಿದ್ರು ಹೇಳಿ, ಹಂಗೇ ಸವೆಸ್ತೀನಿ."

"ಕಿಟಕಿ ಪಕ್ಕದ್ದು ನಂದು. ಬಾಗಿಲ ಹತ್ರದ್ದು ನಮ್ಮಮ್ಮಂದು. ಗೋಡೆ ಕಡೇದು ಮಗಳದು, ಕಾಲು ಆಡಿಸಿ ಆಡಿಸಿ ಕೆಳಗಿನ ಪಟ್ಟಿ ಸವೆಸಿದ್ಲು."

"ಹಂಗಾದ್ರೆ ಇದು ನಿಮ್ಮ ಹೆಂಡ್ತೀದು."

ಹೌದು ಎನ್ನಲು ಬಾಯಿ ತೆರೆದೆ. ಮನಸ್ಸಿನಲ್ಲೇ ನಿನ್ನ ಅಮ್ಮನನ್ನು ಆ ಕುರ್ಚಿಯ ಮೇಲೆ ಕೂರಿಸಿ ನೋಡಿದೆ. ಚಿತ್ರ ಮೂಡಲೇ ಇಲ್ಲ.

"ಏನ್ ಮೇಷ್ಟ್ರೇ, ನನ್ನ ಮುಖ ನೋಡ್ತೀರಾ? ನಿಮ್ಮನೇಲಿ ನಾನು ಊಟ ಮಾಡಿದ್ನಾ?" ಎಂದು ನಕ್ಕಳು ಪುಣ್ಯಾತ್ಗಿತ್ತಿ.

ಎರಡು ದಿನದಿಂದ ಅದೇ ಯೋಚನೆ. ಅಮ್ಮ ಎಲ್ಲಿ ಕೂರುತ್ತಿದ್ದಳು, ವೀಬ್ಕೆ? ನಿನಗೆ ಗೊತ್ತಿರುತ್ತದೆ. ಒಂದೇ ಸಾಲು ಬರೆ. ಬೈದು ಬರೆದರೂ ಸರಿ. ಮುಂದಿನ ಶುಕ್ರವಾರ ಚಿತ್ರೀಕರಣ ಮುಗಿದರೆ ಎಲ್ಲ ಒಡೆದು ಹಾಕುತ್ತಾರೆ.

ಚಳಿ ಶುರುವಾಗಿದೆ, ಕುತ್ತಿಗೆಗೆ ಶಾಲು ಸುತ್ತಿಕೊಂಡು ಓಡಾಡು. ನಿನ್ನ ಮನೆ ಬೆಚ್ಚಗಿರಲಿ, ನಿನ್ನ ಮೇಜಿನ ಸುತ್ತ ಜನ ತುಂಬಿರಲಿ.

ನಿನ್ನ ಅಪ್ಪ,
ಗೆರ್ವಿನ್

ಮರೆತ ಮಾತು: ನಿನ್ನೆ ಬರೆದಿಟ್ಟ ಕಾಗದವನ್ನು ಲಕೋಟೆ ಅಂಟಿಸುವ ಮುಂಚೆ ಮತ್ತೆ ತೆಗೆದೆ. ಇವತ್ತು ಬೆಳಿಗ್ಗೆ ಹೆಡ್ವಿಗ್ ನನ್ನ ನಕ್ಷೆ ಹಿಡಿದು ಬಂದಳು. "ಒಲೆ ಮುಂದೆ ಎರಡು ಪಾದದಷ್ಟು ಜಾಗ ಸವೆಸು ಅಂತ ನೀವೇ ಗುರುತು ಹಾಕಿದ್ದೀರಿ. ಅಷ್ಟು ಸವೆಯೋ ಹಂಗೆ ಅಲ್ಲಿ ಯಾರು ನಿಂತಿರ್ತಿದ್ರು, ಮೇಷ್ಟ್ರೇ?"

ಆಗ ನೆನಪಾಯಿತು. ನಾಲ್ಕನೇ ಕುರ್ಚಿಯ ಮೇಲೆ ಯಾವಾಗಲೂ ನನ್ನ ನಕ್ಷೆಯ ಸುರುಳಿಗಳು, ರಟ್ಟಿನ ಮನೆಗಳು. ಮುಟ್ಟಬೇಡಿ ಎಂದು ನಾನೇ ಹೇಳಿದ್ದೆ. ನಿನ್ನ ಅಮ್ಮ ತಟ್ಟೆಯನ್ನು ಒಲೆಯ ಅಂಚಿನಲ್ಲಿಟ್ಟುಕೊಂಡು, ನಿಂತೇ ಉಣ್ಣುತ್ತಿದ್ದಳು. ಆ ಮನೆಯಲ್ಲಿದ್ದ ಹತ್ತೊಂಬತ್ತು ವರ್ಷವೂ.

ಯಾವ ಕುರ್ಚಿ ಎಂದು ಬರೆಯುವುದು ಬೇಡ. ಆ ನಾಲ್ಕನೆಯದನ್ನು ಸವೆಸಬೇಡ, ಹೊಸದಾಗಿಯೇ ಇರಲಿ ಎಂದು ಹೆಡ್ವಿಗ್‌ಗೆ ಹೇಳಿದ್ದೇನೆ. ಗೇಟಿನಲ್ಲಿ ನೀನು ಹೇಳಿದ್ದು ಸರಿ. ನೆಲ ಸವೆದದ್ದು ಮಾತ್ರ ನನಗೆ ಕಂಡಿತ್ತು, ಮಗಳೇ.