ನಿಮ್ಮ ಮಾನವೀಯತೆಯಿಂದ ನಿಂತ ನೀರು

ನೀರು ಸರಬರಾಜು ಮಂಡಳಿಯ ಮುಖ್ಯಾಧಿಕಾರಿಗಳೇ,

'ಮಾನ್ಯರೇ' ಎಂದು ಬರೆಯಲು ಕೈ ಬರುತ್ತಿಲ್ಲ, ಕ್ಷಮಿಸಿ. ಹೋದ ವಾರ ತಮ್ಮ ಕಚೇರಿಯಿಂದ ನಮ್ಮ ಬೀದಿಗೆ ಒಂದು ನೋಟೀಸು ಬಂತು. 'ಮಾನವೀಯ ದೃಷ್ಟಿಯಿಂದ ತಮ್ಮ ಬೀದಿಯ ನೀರಿನ ಸಂಪರ್ಕವನ್ನು ಮರುಸ್ಥಾಪಿಸಲಾಗಿದೆ' ಎಂದು ಅದರಲ್ಲಿತ್ತು. ಅದು ಕೈಸೇರಿದ ದಿನವೇ ನಮ್ಮ ನಲ್ಲಿಗಳಲ್ಲಿ ನೀರು ನಿಂತುಹೋಯಿತು. ತಾವು ನೀರು ಬಿಟ್ಟದ್ದರಿಂದಲೇ ನಿಂತುಹೋಯಿತು. ಹುಚ್ಚು ಮಾತಿನಂತೆ ಕೇಳಿಸುತ್ತದೆ, ಬಲ್ಲೆ. ಹುಚ್ಚು ಯಾರದ್ದೆಂದು ಊರಿನವರೇ ಓದಿ ತೀರ್ಮಾನಿಸಲಿ ಎಂದು ಈ ಪತ್ರವನ್ನು ತಮ್ಮ ಮೇಜಿಗೆ ಕಳಿಸದೆ ಪತ್ರಿಕೆಗೆ ಕಳಿಸುತ್ತಿದ್ದೇನೆ. ತಮ್ಮ ಮೇಜಿಗೆ ಹೋದ ಪತ್ರಗಳು ಏನಾಗುತ್ತವೆ ಎಂಬುದನ್ನು ನೋಡಿ ಸಾಕಾಗಿದೆ.

ನಾನು ಗುಡ್ಡದ ಕೆಳಗಿನ ಪೇಟೆಯಲ್ಲಿ ಲಾಂಡ್ರಿ ನಡೆಸುತ್ತೇನೆ. 'ನಡೆಸುತ್ತೇನೆ' ಎಂದದ್ದು ನನ್ನ ಅತ್ತೆಯ ಕಿವಿಗೆ ಬಿದ್ದರೆ ನನಗೆ ಉಳಿಗಾಲವಿಲ್ಲ; ಅಂಗಡಿ ಅವರು ಕಟ್ಟಿದ್ದು, ನಾನು ಆಮೇಲೆ ಬಂದು ಸೇರಿಕೊಂಡ ಸೊಸೆ. ನಾವು ಒಗೆಯುವುದು ಆಸ್ಪತ್ರೆಯ ಬಟ್ಟೆ: ರೋಗಿಗಳ ಹಾಸು, ಹೊದಿಕೆ, ಆಪರೇಷನ್ ಕೋಣೆಯ ಹಸಿರು ನಿಲುವಂಗಿಗಳು. ರಕ್ತದ ಕಲೆಯ ಬಟ್ಟೆಯನ್ನು ಮೊದಲು ಹರಿಯುವ ತಣ್ಣೀರಿನಲ್ಲಿ ಬಿಡಬೇಕು, ಆಮೇಲಷ್ಟೇ ಸೋಪು, ಬಿಸಿನೀರು. ತಣ್ಣೀರು ಸಾಲದೆಂದು ನೇರವಾಗಿ ಬಿಸಿನೀರಿಗೆ ಹಾಕಿದರೆ ಕಲೆ ಬೆಂದು ಕೂತುಬಿಡುತ್ತದೆ, ಆಮೇಲೆ ಯಾರಪ್ಪ ಬಂದರೂ ಹೋಗುವುದಿಲ್ಲ. ಬಕೆಟ್ಟಿನಲ್ಲಿ ಅಳೆದು ಸುರಿಯುವ ಟ್ಯಾಂಕರ್ ನೀರಿನಲ್ಲಿ ಈ ಕೆಲಸ ಆಗುವುದಿಲ್ಲ. ಆಗಿಸಲು ನೋಡಿದೆವು, ಸೋತೆವು. ಕೊನೆಗೆ ಆಸ್ಪತ್ರೆಯ ಸ್ಟೋರಿನವರು ಒಂದು ಹಾಸನ್ನು ಬಿಡಿಸಿ ನನ್ನ ಮುಂದೆ ಹಿಡಿದು, "ನೀವೇ ನೋಡಿ ಅಮ್ಮಾ, ಇದರ ಮೇಲೆ ನಿಮ್ಮವರನ್ನ ಮಲಗಿಸ್ತೀರಾ? ಈ ತಿಂಗಳು ನೋಡ್ತೀವಿ. ಆಮೇಲೆ ಬೇರೆಯವರಿಗೆ ಕೊಡದೆ ವಿಧಿಯಿಲ್ಲ" ಎಂದರು. ಅವರ ಮೇಲೆ ನನಗೆ ಸಿಟ್ಟಿಲ್ಲ. ಅವರ ಮಾತು ನ್ಯಾಯವಾದದ್ದೇ. ಆದರೆ ಆ ಬಟ್ಟೆ ಕೈಬಿಟ್ಟರೆ ಅತ್ತೆಯ ಅಂಗಡಿಗೆ ಬೀಗ ಬೀಳುತ್ತದೆ.

ಈಗ ಸ್ವಲ್ಪ ಇತಿಹಾಸ. ತಾವು ಇತಿಹಾಸಪ್ರಿಯರು ಎಂದು ಕೇಳಿದ್ದೇನೆ. ಮಂಡಳಿಯ ಶತಮಾನೋತ್ಸವಕ್ಕೆ ನುಣುಪು ಕಾಗದದ ಪುಸ್ತಕ ಹೊರಡಿಸಿದ್ದೀರಿ, ಕಚೇರಿಯ ಮುಂದೆ ಬಣ್ಣದ ದೀಪಗಳ ಕಾರಂಜಿ ಕಟ್ಟಿಸಿದ್ದೀರಿ. ಆ ಪುಸ್ತಕದಲ್ಲಿ ಗುಡ್ಡದ ಮೇಲಿನ ಜಲಾಗಾರದ ಕಥೆ ಪುಟಗಟ್ಟಲೆ ಇದೆ. ನಮ್ಮ ಬಗ್ಗೆ ಇರುವುದು ಒಂದೇ ಸಾಲು: 'ಕಾಲಕ್ರಮೇಣ ಕೆಳಗಿನ ಪೇಟೆಯೂ ಸೇರಿಕೊಂಡಿತು.' ಬಸ್ಸಿಗೆ ಕೈ ಅಡ್ಡ ಹಾಕಿ ಹತ್ತಿದವರ ಹಾಗೆ ನಾವು ಸೇರಿಕೊಳ್ಳಲಿಲ್ಲ ಸ್ವಾಮಿ. ನಮಗೆ ನಮ್ಮದೇ ಪುರಸಭೆ ಇತ್ತು, ನಮ್ಮದೇ ನೀರಿನ ತೊಟ್ಟಿ ಇತ್ತು, ನಮ್ಮವರೇ ಹಾಕಿಸಿದ ಕಬ್ಬಿಣದ ಕೊಳವೆಗಳಿದ್ದವು. ಎರಡೂ ಪುರಸಭೆಗಳನ್ನು ಒಂದು ಮಾಡಿದಾಗ ತಮ್ಮ ಹಿಂದಿನವರು ನಮ್ಮ ತೊಟ್ಟಿಯನ್ನು ಮಣ್ಣು ತುಂಬಿ ಮುಚ್ಚಿದರು, ನಮ್ಮ ಕೊಳವೆಗಳನ್ನು ತಮ್ಮದಕ್ಕೆ ಜೋಡಿಸಿದರು. ಆದರೆ ಆ ಕೊಳವೆಗಳ ಮೇಲೆ ಕೂತಿರುವ ವಾಲ್ವುಗಳು ಹೇಗೆ ತಿರುಗುತ್ತವೆ ಎಂದು ಯಾರೂ ಕೇಳಲಿಲ್ಲ. ಯಾಕೆ ಕೇಳಬೇಕು? ಗುಡ್ಡದ ಮೇಲೆ ಎಲ್ಲ ವಾಲ್ವುಗಳೂ ಎಡಕ್ಕೆ ತಿರುಗಿಸಿದರೆ ತೆರೆಯುತ್ತವೆ, ಬಲಕ್ಕೆ ತಿರುಗಿಸಿದರೆ ಮುಚ್ಚುತ್ತವೆ. ಲೋಕವೆಲ್ಲ ಹಾಗೇ ಇರಬೇಕಲ್ಲ!

ವರ್ಷಾನುಗಟ್ಟಲೆ ನಮ್ಮ ವಾಲ್ವನ್ನು ಯಾರೂ ಮುಟ್ಟಲಿಲ್ಲ, ಹಾಗಾಗಿ ನಮಗೆ ನೀರು ಬರುತ್ತಿತ್ತು. ಒಂದು ಬೇಸಿಗೆಯಲ್ಲಿ ನೀರಿನ ರಭಸ ಸ್ವಲ್ಪ ತಗ್ಗಿತೆಂದು ಬೀದಿಯವರು ದೂರು ಕೊಟ್ಟರು. ತಮ್ಮವರು ಉದ್ದನೆಯ ಕೀಲಿ ಹೊತ್ತು ಬಂದರು, ರಸ್ತೆಯ ಗುಂಡಿಯ ಮುಚ್ಚಳ ತೆಗೆದರು, ತಿರುಗಿಸಿದರು, "ಇನ್ನೂ ಸ್ವಲ್ಪ ಬಿಟ್ಟಿದ್ದೀವಿ" ಎಂದು ಹೇಳಿ ಹೋದರು. ನೀರು ಇನ್ನಷ್ಟು ಇಳಿಯಿತು. ಮತ್ತೆ ದೂರಿದೆವು, ಮತ್ತೆ ಬಂದು ಇನ್ನಷ್ಟು 'ಬಿಟ್ಟರು'. ನಾವು ಬೊಬ್ಬೆ ಹೊಡೆದಷ್ಟೂ ಅವರು ಬಿಟ್ಟರು, ಅವರು ಬಿಟ್ಟಷ್ಟೂ ನಮ್ಮ ಗಂಟಲು ಒಣಗಿತು. ಕಡೆಗೆ ನಲ್ಲಿಯಲ್ಲಿ ಉಳಿದದ್ದು ಬೆಳಗಿನ ಹೊತ್ತು ನೂಲಿನಂಥ ಒಂದು ಎಳೆ. ತಮ್ಮ ಕಚೇರಿಯ ಗೋಡೆಯ ನಕ್ಷೆಯಲ್ಲಿ ಮಾತ್ರ ನಮ್ಮ ಬೀದಿಗೆ ಕಡುನೀಲಿ ಬಣ್ಣ. ಪೂರ್ಣ ಸರಬರಾಜು ಎಂದು ಅದರ ಅರ್ಥವಂತೆ. ಆ ನೀಲಿಯನ್ನು ಹಿಂಡಿಕೊಂಡು ಬಟ್ಟೆ ಒಗೆಯುವುದು ಹೇಗೆಂದು ತಾವೇ ಹೇಳಿಕೊಡಬೇಕಿತ್ತು.

ಸ್ಟೋರಿನವರು ಗಡುವು ಕೊಟ್ಟ ಮರುದಿನ ಅತ್ತೆ ಮೈಲಿಗೆ ಬಟ್ಟೆಯ ಗಂಟುಗಳನ್ನೆಲ್ಲ ತಳ್ಳುಗಾಡಿಗೆ ಹಾಕಿಸಿದರು. "ಎಲ್ಲಿಗೆ ಅತ್ತೆ?" ಎಂದೆ. "ನೀರಿರೋ ಕಡೆಗೆ ಕಣೇ. ನಡಿ" ಎಂದರು. ಬಂದದ್ದು ತಮ್ಮ ಕಾರಂಜಿಗೆ. ಅತ್ತೆ ಸೀರೆ ಎತ್ತಿ ಕಟ್ಟಿ ಕಾರಂಜಿಯೊಳಗೇ ಇಳಿದರು. ನಾನೂ ಇಳಿದೆ. ಸುಳ್ಳು ಹೇಳಬಾರದು, ನೀರು ಬಹಳ ಚೆನ್ನಾಗಿತ್ತು. ಒಂದೊಂದೇ ಹಾಸನ್ನು ಜಾಲಿಸಿ ತಮ್ಮ ಕಾಂಪೌಂಡಿನ ಕಂಬಿಗಳ ಮೇಲೆ ಒಣಹಾಕಿದೆವು. ಸಂಜೆಗೆ ಬಣ್ಣದ ದೀಪ ನೋಡಲು ಬಂದ ಅತಿಥಿಗಳಿಗೆ ಕೆಂಪು ದೀಪ ಹಚ್ಚದೆಯೇ ಕೆಂಪಾದ ನೀರು ಕಂಡಿತು. ತಮಗೆ ಮುಜುಗರವಾಯಿತು. ಇಷ್ಟು ವರ್ಷ ನಮ್ಮ ದೂರುಗಳಿಂದ ಆಗದೇ ಇದ್ದದ್ದು ಅಂದು ಆಯಿತು: ತಾವು ಕೂಡಲೇ ಕ್ರಮ ಕೈಗೊಂಡಿರಿ. 'ಸಾರ್ವಜನಿಕ ನೀರಿನ ದುರ್ಬಳಕೆ'ಗಾಗಿ ಇಡೀ ಬೀದಿಯ ನೀರನ್ನು ಕಡಿತಗೊಳಿಸಲು ಆಜ್ಞೆ ಹೊರಟಿತು.

ಮರುದಿನ ಬೆಳಿಗ್ಗೆ ವಾಲ್ವ್‌ಮನ್ ಬಂದ. ಅವನಿಗೂ ಬೇಸರವಿತ್ತು. "ನಂದೇನೂ ಇಲ್ಲಮ್ಮಾ, ಮೇಲಿನವರು ಹೇಳಿದ್ದಾರೆ" ಎನ್ನುತ್ತ ಕೀಲಿ ಇಳಿಸಿ ಬಲಕ್ಕೆ ತಿರುಗಿಸಿದ. ತುಕ್ಕು ಹಿಡಿದ ವಾಲ್ವು ಕಿರುಗುಟ್ಟಿತು. ಮೈಭಾರವೆಲ್ಲ ಹಾಕಿ, ಇನ್ನು ತಿರುಗದು ಎನ್ನುವ ತನಕ ತಿರುಗಿಸಿ, ಬೆವರು ಒರೆಸಿಕೊಂಡು, "ಪೂರ್ತಿ ಬಂದ್" ಎಂದ. ಅವನು ಹಾಗೆನ್ನುವುದಕ್ಕೂ ನಮ್ಮ ಹಿತ್ತಲಿನಲ್ಲಿ ಗುಡುಗಿನಂಥ ಸದ್ದಾಗುವುದಕ್ಕೂ ಸರಿಹೋಯಿತು.

ಮಾನ್ಯರೇ (ಈಗ ಕೈ ಬಂತು, ಯಾಕೆಂದರೆ ಆ ನೀರಿಗೆ ತಮ್ಮ ಆಜ್ಞೆಯೇ ಕಾರಣ), ನಮ್ಮ ಬೀದಿಯಲ್ಲಿ ಯಾರೂ ನಲ್ಲಿ ಮುಚ್ಚುವುದಿಲ್ಲ. ಆ ನೂಲಿನೆಳೆ ಯಾವಾಗ ಬಂದೀತೋ ಎಂದು ಕೆಳಗೆ ಪಾತ್ರೆ ಇಟ್ಟು ತೆರೆದೇ ಇಟ್ಟಿರುತ್ತೇವೆ. ಅಂದು ಎಲ್ಲ ನಲ್ಲಿಗಳೂ ಒಟ್ಟಿಗೆ ಕೆಮ್ಮಿ, ಕಂದು ನೀರು ಕಾರಿ, ಆಮೇಲೆ ಬೆಳ್ಳಗೆ ಭೋರ್ಗರೆದವು. ಪಾತ್ರೆಗಳು ಉರುಳಿದವು. ಮೆಟ್ಟಿಲ ಮೇಲೆ, ಚರಂಡಿಯ ತುಂಬ ನೀರು. ಎದುರುಮನೆಯ ದರ್ಜಿ ಹೊಲಿಗೆ ಯಂತ್ರವನ್ನು ಎತ್ತಿಕೊಂಡು ನಗುತ್ತ ಹೊರಗೆ ಓಡಿಬಂದ. ನಮ್ಮ ಒಗೆಯುವ ತೊಟ್ಟಿ ಕಣ್ಣೆದುರೇ ತುಂಬಿ ಅಂಚು ಮೀರಿ ಹರಿಯತೊಡಗಿತು. ಅತ್ತೆ ಮೊಣಕೈವರೆಗೆ ಎರಡೂ ಕೈ ನೀರಿಗಿಟ್ಟು ನಿಂತರು, ಮುಖ ತೊಳೆದರು, ಮತ್ತೆ ಮತ್ತೆ ತೊಳೆದರು. ಅಳುತ್ತಿದ್ದಾರೆಂದು ನನಗೆ ಆಮೇಲೆ ತಿಳಿಯಿತು. ನನಗೂ ತಡೆಯಲಾಗಲಿಲ್ಲ. ಅಂದು ಒಗೆದ ಹಾಸುಗಳನ್ನು ಸ್ಟೋರಿನವರು ಬೆಳಕಿಗೆ ಹಿಡಿದು ನೋಡಿ ಕಪಾಟಿನಲ್ಲಿ ಜೋಡಿಸಿಟ್ಟರು.

ಶಿಕ್ಷೆ ಅನುಭವಿಸುತ್ತ ನಾವು ಸುಖವಾಗಿದ್ದೆವು. ಸುದ್ದಿ ತಮ್ಮ ಕಚೇರಿಗೂ ಮುಟ್ಟಿತು. ತಮ್ಮ ಜೂನಿಯರ್ ಎಂಜಿನಿಯರ್ ಬಂದು, ಗುಂಡಿಯೊಳಗೆ ಇಣುಕಿ, ಎಡಕ್ಕೊಮ್ಮೆ ಬಲಕ್ಕೊಮ್ಮೆ ತಿರುಗಿಸಿ ನೋಡಿ, "ಇದು ಹಳೇ ಪುರಸಭೆಯವರು ಹಾಕಿದ್ದು. ಉಲ್ಟಾ ತಿರುಗುತ್ತೆ" ಎಂದು ಒಪ್ಪಿಕೊಂಡರು.

"ಹಾಗಾದ್ರೆ ಹೀಗೇ ಬಿಟ್ಬಿಡಿ ಸಾರ್" ಎಂದೆ.

"ಹೇಗಮ್ಮಾ ಬಿಡೋದು? ಬಲಕ್ಕಿದ್ರೆ ದಾಖಲೆ ಪ್ರಕಾರ ಬಂದ್. ಬಂದ್ ಆಗಿರೋ ಬೀದಿಗೆ ನೀರು ಹೋಗ್ತಿದೆ ಅಂದ್ರೆ ಅದು ಸೋರಿಕೆ."

"ಹಂಗಾದ್ರೆ ಉಲ್ಟಾ ಅಂತ ದಾಖಲೇಲೇ ಬರ್ಕೊಳ್ಳಪ್ಪಾ" ಎಂದರು ಅತ್ತೆ.

"ಬರೆದ್ರೆ ಇಷ್ಟು ವರ್ಷ ನಾವೇ ನೀರು ನಿಲ್ಲಿಸಿದ್ವಿ ಅಂತ ಆಗುತ್ತಲ್ಲ ಅಜ್ಜೀ! ಆ ಶತಮಾನೋತ್ಸವದ ಪುಸ್ತಕ ಬೇರೆ ಅಚ್ಚಾಗಿಬಿಟ್ಟಿದೆ."

ಹುಡುಗ ಕೆಟ್ಟವನಲ್ಲ, ಅಷ್ಟು ಹೇಳುವಾಗ ಅವನ ಮುಖ ಸಣ್ಣದಾಗಿತ್ತು. ಆದರೆ ಗೊತ್ತಿಲ್ಲದೆ ಮಾಡಿದ್ದನ್ನು ತಪ್ಪು ಎನ್ನಬಹುದು, ಗೊತ್ತಾದ ಮೇಲೂ ಮಾಡಿದರೆ ಅದಕ್ಕೇನು ಹೆಸರು? ಮೂರನೆಯ ಮನೆಯ ಬಾಣಂತಿ ಪಕ್ಕದ ಬೀದಿಯಿಂದ ಕೊಡ ಹೊತ್ತದ್ದು, ಅತ್ತೆ ಹೊತ್ತು ಹೊತ್ತು ಸೊಂಟ ಕಳೆದುಕೊಂಡದ್ದು, ಇವೆಲ್ಲ ಒಂದು ಕೀಲಿಯನ್ನು ಈ ಕಡೆಯ ಬದಲು ಆ ಕಡೆ ತಿರುಗಿಸದೇ ಇದ್ದದ್ದಕ್ಕೆ. ಬರವಲ್ಲ, ಅಣೆಕಟ್ಟೆ ಬತ್ತಿದ್ದಲ್ಲ. ನೀರು ನಮ್ಮ ಕಾಲ ಕೆಳಗೇ ಬಂದು ನಿಂತಿತ್ತು. ಈಗಲೂ ಅಲ್ಲೇ ನಿಂತಿದೆ. ತಾವು ಮಾಡಿದ್ದೇನು? ಶಿಕ್ಷೆಯನ್ನು ಕರುಣೆಯಿಂದ ಹಿಂತೆಗೆದುಕೊಂಡಿರಿ, ವಾಲ್ವನ್ನು ಎಡಕ್ಕೆ, ಅಂದರೆ ತಮ್ಮ ದಾಖಲೆಯ ಪ್ರಕಾರ ಧಾರಾಳವಾಗಿ, ತಿರುಗಿಸಿದಿರಿ, ಗುಂಡಿಯ ಮುಚ್ಚಳಕ್ಕೆ ಬೀಗ ಜಡಿದಿರಿ. ಮುಟ್ಟಿದರೆ ಕೇಸು ಎಂಬ ಫಲಕವನ್ನೂ ನೆಟ್ಟಿರಿ. ಆ ಸಂಜೆ ಅತ್ತೆ ತೊಟ್ಟಿಯ ಪಕ್ಕ ಕೂತು ನಲ್ಲಿಯ ಕೊನೆಯ ಹನಿಗಳನ್ನು ನೋಡುತ್ತ, "ಬೈಸಿಕೊಂಡಾಗಲೇ ಚೆನ್ನಾಗಿತ್ತು ಕಣೇ" ಎಂದರು.

ತಿಂಗಳು ಮುಗಿಯುತ್ತ ಬಂದಿದೆ. ಹೊಸ ವಾಲ್ವು ಕೇಳುತ್ತಿಲ್ಲ, ತನಿಖೆ ಕೇಳುತ್ತಿಲ್ಲ, ತಮ್ಮ ಪುಸ್ತಕದ ಒಂದಕ್ಷರ ತಿದ್ದಬೇಕೆಂದೂ ಕೇಳುತ್ತಿಲ್ಲ. ನಕ್ಷೆಯಲ್ಲಿ ನಮ್ಮ ಬೀದಿಗೆ ಯಾವ ಬಣ್ಣ ಬೇಕಾದರೂ ಬಳಿದುಕೊಳ್ಳಿ. ನನ್ನ ಬೇಡಿಕೆ ಒಂದೇ: ದಯಮಾಡಿ ನಮ್ಮ ಬೀದಿಯ ನೀರನ್ನು ಈ ಕೂಡಲೇ ಕಡಿತಗೊಳಿಸಿ. ತಮ್ಮವರನ್ನು ಕಳಿಸಿ, ಬಲಕ್ಕೆ, ಮೈಭಾರವೆಲ್ಲ ಹಾಕಿ, ಪೂರ್ತಿ ಬಂದ್ ಮಾಡಿಸಿ. ಆಜ್ಞೆಗೆ ಕಾರಣ ಬೇಕಲ್ಲವೇ? ಸೋಮವಾರ ಬೆಳಿಗ್ಗೆ ಕಚೇರಿ ತೆರೆಯುವ ಹೊತ್ತಿಗೆ ನಾನೂ ಅತ್ತೆಯೂ ಬಟ್ಟೆಯ ಗಂಟುಗಳ ಸಮೇತ ತಮ್ಮ ಕಾರಂಜಿಯೊಳಗೆ ಇರುತ್ತೇವೆ. ಈ ಸಲ ಆಪರೇಷನ್ ಕೋಣೆಯ ಬಟ್ಟೆಯನ್ನೂ ತರುತ್ತೇವೆ. ಬಂದು ನೋಡಿ, ಸಿಟ್ಟಾಗಿ, ಶಿಕ್ಷೆ ಕೊಡಿ. ಮಾನವೀಯತೆ ಮಾತ್ರ ಇನ್ನೊಮ್ಮೆ ತೋರಿಸಬೇಡಿ.

ಇಂತಿ,
ತಮ್ಮ ದಾಖಲೆಯಲ್ಲಿ ಧಾರಾಳವಾಗಿ ನೀರು ಕುಡಿಯುತ್ತಿರುವ,
ಶಿಕ್ಷೆಗಾಗಿ ಬಾಯಾರಿ ಕಾದಿರುವ,
ಲಾಂಡ್ರಿಯ ಸೊಸೆ
(ಅತ್ತೆಯವರ ಪೂರ್ಣ ಒಪ್ಪಿಗೆಯೊಂದಿಗೆ)