ಕೂತು ಎತ್ತಿದ ಗ್ಲಾಸು

ಫಾಲ್ಮತ್ ಬಂದರು, ೧೮೨೩

ಅಕ್ಟೋಬರ್ ೬, ಬೆಳಿಗ್ಗೆ

ಇವತ್ತೂ ಬ್ರೆಡ್ಡನ್ನು ಮೇಜಿಗೆ ಕುಟ್ಟಿದೆ. ಅಕ್ಕ ಥಾಮಸಿನ್ ಕಣ್ಣು ಬಿಟ್ಟಳು. "ನನ್ನ ಬ್ರೆಡ್ಡಲ್ಲಿ ಹುಳ ಇಲ್ಲ ಕಣೋ ಜೋಸಯಾ."

ನನಗೆ ಗೊತ್ತು. ಕೈಗೆ ಗೊತ್ತಿಲ್ಲ. ಹನ್ನೆರಡಕ್ಕೇ ಹಡಗು ಹತ್ತಿದ ಕೈ. ಬಿಸ್ಕತ್ತು ಕುಟ್ಟಿ ಹುಳ ಉದುರಿಸದೆ ಬಾಯಿಗಿಟ್ಟಿದ್ದಿಲ್ಲ. ಕತ್ತೂ ಹಾಗೇ. ಹಡಗಿನ ತಗ್ಗು ತೊಲೆಗಳಿಗೆ ಪಳಗಿದ್ದು, ಬಾಗಿಲು ಕಂಡರೆ ಬಗ್ಗುತ್ತದೆ. ಚರ್ಚಿನ ಬಾಗಿಲಲ್ಲೂ — ಅದರಲ್ಲಿ ಹಾಯಿಕಂಬವನ್ನೇ ನಿಲ್ಲಿಸಬಹುದು.

ಫ್ರೆಂಚರ ಜೊತೆಗಿನ ಯುದ್ಧ ಮುಗಿದು ಎಂಟು ವರ್ಷ. ವಯಸ್ಸು ನಲವತ್ತಾರು. ಅರ್ಧ ಸಂಬಳ, ಪೂರ್ತಿ ಬಿಡುವು. ಲೆಫ್ಟಿನೆಂಟ್ ಪೆಂಗೆಲಿ ಇನ್ನೂ ಲೆಫ್ಟಿನೆಂಟೇ. ಒಂದು ದೋಣಿಯೂ ನನ್ನದು ಅನ್ನಿಸಿಕೊಂಡಿಲ್ಲ.

ಕೋಟಿಗೆ ಗುಂಡಿಯಿದೆ, ಹಡಗಿಲ್ಲ;
ಕಿಟಕಿಗೆ ಕಡಲಿದೆ, ನನಗಿಲ್ಲ.

ಅಕ್ಟೋಬರ್ ೯

ಟಪಾಲು ಹಡಗುಗಳು ನೌಕಾಪಡೆಯ ಕೈಗೆ ಬರುತ್ತಿವೆ. ಲಿಸ್ಬನ್‌ಗೆ ಹೋಗುವ 'ಲೇಡಿ ಮಾರ್ಗರಿ'ಗೆ ಕ್ಯಾಪ್ಟನ್ ಬೇಕು. ಸರ್ ರಾಲ್ಫ್ ಟ್ರೆಗಾರಿಕ್ ಒಂದು ಮಾತು ಹಾಕಿದರೆ ಲಂಡನ್ನಿನಲ್ಲಿ ನಡೆಯುತ್ತದೆ. ಸುತ್ತಲ ಜಮೀನಿನ ಒಡೆಯ, ಊರ ಕಾವಲು ದಳದ ಕರ್ನಲ್, ಆರಡಿ ಮೇಲಿನ ಆಳು. ದೋಣಿ ಹತ್ತಿದರೆ ವಾಂತಿ.

ಶನಿವಾರ ಊಟಕ್ಕೆ ಕರೆದಿದ್ದಾರೆ. ಅಕ್ಕ ಕೋಟಿಗೆ ಬ್ರಷ್ ಹಾಕುತ್ತಾ ಎಚ್ಚರಿಸಿದಳು — ಬ್ರೆಡ್ಡು ಕುಟ್ಟಬಾರದು, ಬಾಗಿಲಲ್ಲಿ ಬಗ್ಗಬಾರದು, ಪದ್ಯ ಹೇಳಲೇಬಾರದು.

ಅಕ್ಟೋಬರ್ ೧೨, ಭಾನುವಾರ

ಬ್ರೆಡ್ಡು ಕುಟ್ಟಲಿಲ್ಲ. ಬಗ್ಗಲಿಲ್ಲ. ಪದ್ಯ ಹೇಳಲಿಲ್ಲ. ಆದರೂ ಕೆಟ್ಟಿತು.

ಊಟ ಮುಗಿದು ಪೋರ್ಟ್ ವೈನ್ ಬಂತು. ಸರ್ ರಾಲ್ಫ್ "ಮಹಾರಾಜರಿಗೆ" ಅಂದರು. ರಾಜರ ಹೆಸರಲ್ಲಿ ಗ್ಲಾಸು ಎತ್ತಿದೆ, ಕುಡಿದೆ. ಕಣ್ಣು ಮೇಣದ ಬತ್ತಿಯ ಮೇಲಿತ್ತು, ಮನಸ್ಸು ನನ್ನ ಹಳೆಯ ಹಡಗು 'ಮೆರಿಡಿಯಾ'ದ ಊಟದ ಮೇಜಿನಲ್ಲಿ. ಗ್ಲಾಸು ಇಳಿಸಿ ನೋಡಿದರೆ ಸುತ್ತ ಮುಖಗಳಿಲ್ಲ, ಬರೀ ಹೊಟ್ಟೆಗಳು, ಗುಂಡಿಗಳು. ಎಲ್ಲರೂ ಎದ್ದು ನಿಂತಿದ್ದಾರೆ. ಕೂತವನು ನಾನೊಬ್ಬ.

"ಕಾಲು ನೋವೇನು, ಲೆಫ್ಟಿನೆಂಟ್?" ಸರ್ ರಾಲ್ಫ್ ಕೇಳಿದರು. ಹೌದು ಅಂದಿದ್ದರೆ ಮುಗಿದುಹೋಗುತ್ತಿತ್ತು. ಪುಣ್ಯಾತ್ಮರು ದಾರಿ ಬಿಟ್ಟುಕೊಟ್ಟಿದ್ದರು.

"ಇಲ್ಲ ಸಾರ್, ಗಟ್ಟಿಯಾಗಿದೆ. ನೌಕಾಪಡೇಲಿ ರಾಜರ ಹೆಸರಲ್ಲಿ ಕೂತೇ ಕುಡಿಯೋದು."

"ಇದು ನನ್ನ ಮನೆ. ಹಡಗಲ್ಲ."

ಆಮೇಲೆ ಎಲ್ಲರೂ ಗೋಧಿ ಬೆಳೆಯ ಬಗ್ಗೆ ಮಾತಾಡಿದರು. ತುಂಬಾ ಹೊತ್ತು.

ಅಕ್ಟೋಬರ್ ೧೫

ಪಾದ್ರಿಗಳು ಸಂದೇಶ ಹೊತ್ತು ಮನೆಗೆ ಬಂದಿದ್ದರು. ಸರ್ ರಾಲ್ಫ್ ದೊಡ್ಡ ಮನಸ್ಸಿನವರಂತೆ. ಮುಂದಿನ ಶನಿವಾರವಲ್ಲ, ಅದರಾಚೆಯ ಶನಿವಾರ ಮತ್ತೆ ಊಟ. ಅದೇ ಜನರೆದುರು ನಾನು ಎದ್ದು ನಿಂತು ರಾಜರ ಹೆಸರಲ್ಲಿ ಕುಡಿದರೆ ಹಳೆಯದೆಲ್ಲ ಮಾಫಿ, ಲಂಡನ್ನಿಗೆ ಮಾತು ಹೋಗುತ್ತದೆ. ಇಲ್ಲದಿದ್ದರೆ ಹಡಗು ಇನ್ನೊಬ್ಬರಿಗೆ.

ಯೋಚಿಸಿ ಹೇಳುತ್ತೇನೆ ಅಂದೆ. ಅಕ್ಕನ ಕೈಯ ಸೌಟು ನಿಂತಿತು.

ಹತ್ತೊಂಬತ್ತನೇ ವಯಸ್ಸಿಗೆ ಮೊದಲ ಸಲ 'ಮೆರಿಡಿಯಾ'ದ ಆ ಮೇಜಿಗೆ ಕೂತದ್ದು. ತಲೆ ಮೇಲೇ ತೊಲೆಗಳು, ಪಕ್ಕದಲ್ಲೇ ಫಿರಂಗಿ. ಗೊತ್ತಿಲ್ಲದೆ ಏಳಹೋದೆ. ಪಕ್ಕದಲ್ಲಿದ್ದ ಗೆಳೆಯ ಕ್ಲೆಮೆಂಟ್ ರೌಸ್ ಕೋಟಿನ ತುದಿ ಹಿಡಿದು ಎಳೆದು ಕೂರಿಸಿದ. "ಕೂತ್ಕೋ ಮಾರಾಯ. ತೊಲೆ ರಾಜಂಗೂ ಮರ್ಯಾದೆ ಕೊಡಲ್ಲ." ಎಲ್ಲರೂ ನಕ್ಕರು. ಹ್ಯಾಲ್ ಬ್ರಾಬನ್ ಪಿಟೀಲು ತೆಗೆದ. ಅವನಿಗೆ ಬರುತ್ತಿದ್ದುದು ಎರಡೇ ಹಾಡು, ಎರಡೂ ಒಂದೇ ಥರ.

ಕ್ಲೆಮೆಂಟ್ ಜಮೈಕಾದಲ್ಲಿ ಜ್ವರಕ್ಕೆ ಹೋದ. ಹ್ಯಾಲ್ ಫ್ರೆಂಚರ ಗುಂಡಿಗೆ. ಉಳಿದವರೂ ಒಬ್ಬೊಬ್ಬರಾಗಿ. ಆ ಮೇಜಿನಲ್ಲಿ ಇನ್ನೂ ಕೂತಿರುವವನು ನಾನೊಬ್ಬನೇ. ನಾನೂ ಎದ್ದುಬಿಟ್ಟರೆ...

ಅಕ್ಟೋಬರ್ ೨೦

ಅಕ್ಕನಿಗೆ ಇದನ್ನೆಲ್ಲ ಹೇಳಿದೆ. ನಗುತ್ತಾಳೆ ಅಂದುಕೊಂಡಿದ್ದೆ. ನಗಲಿಲ್ಲ. ಮೀನಿನ ಮುಳ್ಳು ಬಿಡಿಸುತ್ತಾ ಅಂದಳು: "ಸತ್ತೋರು ಎಲ್ಲೂ ಹೋಗಲ್ಲ ಕಣೋ. ಹಡಗು ಹೋಗುತ್ತೆ."

ಅವಳ ಗಂಡನೂ ಕಡಲಲ್ಲೇ ಉಳಿದವನು.

ಅಕ್ಟೋಬರ್ ೨೪

ಅಡುಗೆಮನೆಯಲ್ಲಿ ತಾಲೀಮು. ಗ್ಲಾಸಿನಲ್ಲಿ ಹಾಲು. ಎದ್ದೆ — ಕತ್ತು ಬಗ್ಗಿತು. ನೆಟ್ಟಗೆ ಮಾಡಿದೆ, ಮತ್ತೆ ಬಗ್ಗಿತು. ಕೈಯಲ್ಲಿ ಗ್ಲಾಸಿದ್ದರೆ ಈ ಕತ್ತಿನ ಪಾಲಿಗೆ ಮೇಲೆ ತೊಲೆ ಇದ್ದೇ ಇದೆ. ಅಕ್ಕ ಹಿಂದಿನಿಂದ ಗದ್ದ ಹಿಡಿದೆತ್ತಿದಳು. ಹಾಲು ಶರ್ಟಿನ ಮೇಲೆ.

ಅಕ್ಟೋಬರ್ ೨೬, ಭಾನುವಾರ

ಎದ್ದೆ.

ಕುರ್ಚಿ ಸದ್ದು ಮಾಡಿತು. ಕೋಟಿನ ತುದಿಯನ್ನು ಯಾರೂ ಎಳೆಯಲಿಲ್ಲ. ಒಂದು ಕ್ಷಣ ಕಾದೆ... ಎಳೆಯಲಿಲ್ಲ. ಕತ್ತು ಮಾತ್ರ ತನ್ನ ಪಾಡಿಗೆ ತಾನು ಬಗ್ಗಿತು. ಬಗ್ಗಿದ ಕತ್ತಲ್ಲೇ "ಮಹಾರಾಜರಿಗೆ" ಅಂದೆ.

ಸರ್ ರಾಲ್ಫ್ ಮೇಜು ಸುತ್ತಿ ಬಂದು ಕೈ ಹಿಡಿದುಕೊಂಡರು. ಇಷ್ಟು ವಿನಯವನ್ನು ತಮ್ಮ ದಳದಲ್ಲೂ ಕಂಡಿಲ್ಲವಂತೆ. ಅವರ ಕಣ್ಣು ತುಂಬಿತ್ತು. ನನ್ನದೂ. ಕಾರಣಗಳು ಬೇರೆ.

ಕೂತದ್ದು ದ್ರೋಹ, ಬಗ್ಗಿದ್ದು ಭಕ್ತಿ;
ಹಳೆ ಕತ್ತಿಗೂ ಎಷ್ಟೊಂದು ಶಕ್ತಿ.

ಮನೆಗೆ ಬಂದು ಬೂಟು ಬಿಚ್ಚದೆ ಮಲಗಿದೆ.

ಡಿಸೆಂಬರ್ ೨

ಹುಕುಂ ಬಂತು. 'ಲೇಡಿ ಮಾರ್ಗರಿ' ನನ್ನದು. ಅಕ್ಕ ಒಲೆಯ ಕಡೆ ತಿರುಗಿ ನಿಂತಳು, ತುಂಬಾ ಹೊತ್ತು. ಒಲೆಯಲ್ಲಿ ಏನೂ ಇರಲಿಲ್ಲ.

ಡಿಸೆಂಬರ್ ೧೪, ಹಡಗಿನಲ್ಲಿ

ನಾಳೆ ಲಿಸ್ಬನ್‌ಗೆ — ಗಾಳಿ ತಿರುಗಿದರೆ. ಮಧ್ಯಾಹ್ನ ನನ್ನ ಕ್ಯಾಬಿನ್ನಿನಲ್ಲಿ ಊಟ. ಅಕ್ಕ, ನಮ್ಮ ಇಬ್ಬರು ಅಧಿಕಾರಿಗಳು, ಬೀಳ್ಕೊಡಲು ಸರ್ ರಾಲ್ಫ್. ಬಂದರಿನ ನಿಂತ ನೀರಲ್ಲೇ ಅವರ ಮುಖ ಸೌತೆಕಾಯಿ ಬಣ್ಣ. ಆದರೂ ಬಂದಿದ್ದಾರಲ್ಲ. ದೊಡ್ಡ ಮನಸ್ಸು, ನಿಜ. ಅಕ್ಕ ಎಲ್ಲರೆದುರೂ ಬ್ರೆಡ್ಡನ್ನು ಮೇಜಿಗೆ ಕುಟ್ಟಿ ನನ್ನ ಕಡೆ ನೋಡಿದಳು.

ವೈನ್ ಬಂತು. ಇಲ್ಲಿ ಹೇಳಬೇಕಾದವನು ನಾನು. "ಮಹಾರಾಜರಿಗೆ" ಅಂದೆ. ಸರ್ ರಾಲ್ಫ್ ಏಳಹೊರಟರು. ಅವರ ನೆತ್ತಿಗೂ ಓಕ್ ತೊಲೆಗೂ ನಡುವೆ ಒಂದು ಗೇಣು. ಸುಮ್ಮನಿರಬಹುದಿತ್ತು. ಸುಮ್ಮನಿರಬೇಕು ಅಂತಲೂ ಅನಿಸಿತು, ಸುಳ್ಳೇಕೆ.

ಕೈ ಕೇಳಲಿಲ್ಲ. ಅವರ ಕೋಟಿನ ತುದಿ ಹಿಡಿದು ಎಳೆದು ಕೂರಿಸಿತ್ತು.

"ಕೂತ್ಕೊಳ್ಳಿ ಸಾರ್. ತೊಲೆ ರಾಜಂಗೂ ಮರ್ಯಾದೆ ಕೊಡಲ್ಲ."

ನನ್ನ ದನಿಯಲ್ಲ ಅನಿಸಿತು. ಸರ್ ರಾಲ್ಫ್ ಮೇಲೆ ನೋಡಿದರು, ನನ್ನನ್ನು ನೋಡಿದರು. ಆಮೇಲೆ ಕೂತೇ ಕುಡಿದರು. ಎಲ್ಲರೂ ಕೂತೇ ಕುಡಿದೆವು. ಮೇಜು ತುಂಬಿತ್ತು. ನಾವು ಐದೇ ಜನ, ಆದರೂ ತುಂಬಿತ್ತು. ಎಡಗಡೆ ಯಾರೋ ಪಿಟೀಲಿನ ತಂತಿ ಬಿಗಿ ಮಾಡಿದ ಹಾಗೆ...

ಹಗ್ಗಗಳು ಸದ್ದು ಮಾಡುತ್ತಿವೆ. ಗಾಳಿ ತಿರುಗಿತು. ಮೇಲಿಂದ ಕರೆಯುತ್ತಿದ್ದಾರೆ, ಲೆಫ್ಟಿನೆಂಟ್ ಅಂತಲ್ಲ —