ತಟ್ಟೆ ತೊಳೆಯುವ ದೃಶ್ಯ

ದಿಯೆಪ್, ಗುರುವಾರ

ಪ್ರೀತಿಯ ಎಡ್ವಿಜ್ ಅಕ್ಕ,

‘ಪರದೆಯ ಮೇಲಿನವರು ಅಳುವಾಗ ಪಿಟೀಲು ಅಳಬಾರದು’ ಎಂಬ ಮಾತು ನಮ್ಮ ಅಪ್ಪನದೋ, ಅವರ ರಾಗವನ್ನು ಕಿತ್ತುಹಾಕಿದ ಆ ನಿರ್ದೇಶಕನದೋ? ನನಗೆ ಸರಿಯಾಗಿ ನೆನಪಿಲ್ಲ, ಅಪ್ಪನನ್ನು ಕೇಳುವ ಧೈರ್ಯವೂ ಇಲ್ಲ.

ನಲವತ್ತು ವರ್ಷದ ಹಿಂದಿನ ಆ ಚಿತ್ರಕ್ಕೆ ಹೊಸ ಪ್ರತಿ ತಯಾರಾಗುತ್ತಿದೆ. ವಿಧವೆ ತಟ್ಟೆ ತೊಳೆಯುವ ದೃಶ್ಯದಲ್ಲಿ ಈಗಿರುವುದು ನಲ್ಲಿಯ ಸದ್ದು ಮಾತ್ರ. ಅಂದು ಚಿತ್ರ ತೆರೆಗೆ ಬರುವ ಮೊದಲೇ ತೆಗೆದ ಪಿಟೀಲಿನ ರಾಗವನ್ನು ಮತ್ತೆ ಸೇರಿಸಬೇಕೇ ಎಂದು ಸ್ಟುಡಿಯೋದವರು ಕೇಳಿದ್ದಾರೆ. ನಾಳೆಯೊಳಗೆ ಉತ್ತರ ಬೇಕಂತೆ. ಮೂವತ್ತು ಚಿತ್ರಗಳಿಗೆ ಸಂಗೀತ ಕೊಟ್ಟ ಅಪ್ಪ ಮೂರು ದಿನದಿಂದ ಅಡುಗೆಮನೆಯಲ್ಲಿ ನಲ್ಲಿ ಬಿಟ್ಟುಕೊಂಡು, ಸ್ಟಾಪ್‌ವಾಚ್ ಇಟ್ಟುಕೊಂಡು, ಒಂದೇ ತಟ್ಟೆಯನ್ನು ತೊಳೆಯುತ್ತಿದ್ದಾರೆ. ತಟ್ಟೆ ಬಹಳ ಸ್ವಚ್ಛವಾಗಿದೆ.

“ಬರೀ ನೀರಿನ ಸದ್ದಿಗೆ ಯಾರಾದ್ರೂ ಅಳ್ತಾರೇನೇ?” ಎಂದು ಕೇಳಿದರು.

“ನಂಗಾಗ ಎಂಟು ವರ್ಷ ಅಪ್ಪ. ಥಿಯೇಟರಲ್ಲೇ ನಿದ್ದೆ ಮಾಡಿಬಿಟ್ಟಿದ್ದೆ.”

“ನಿಮ್ಮಮ್ಮನೂ ಹಂಗೇ,” ಎಂದು ಮತ್ತೆ ನಲ್ಲಿ ತಿರುಗಿಸಿದರು.

ಅವರ ರಕ್ತದೊತ್ತಡ ಪರವಾಗಿಲ್ಲ. ಇಲ್ಲಿಯ ಸಮುದ್ರದ ಗಾಳಿ ನನಗೆ ಒಗ್ಗುತ್ತಿಲ್ಲ. ಉಣ್ಣೆಯ ಕಾಲುಚೀಲ ಕಳಿಸು.

ಅವಸರದಲ್ಲಿ,
ಸೋಲಾಂಜ್

ಸಹಿ ಹಾಕಿದ ಮೇಲೆ ಅಂಚಿನಲ್ಲಿ ಬರೆಯುತ್ತಿದ್ದೇನೆ: ರಾಗ ಬೇಡವೆಂದು ಅಪ್ಪ ಸ್ಟುಡಿಯೋಗೆ ಫೋನ್ ಮಾಡಿಬಿಟ್ಟರು. ಅದಕ್ಕೆ ಸ್ವಲ್ಪ ಮೊದಲು ಬಂಗುಡೆ ಮೀನು ಕೊಡಲು ಬಂದ ಪಕ್ಕದ ಮನೆಯ ಮದಾಮ್ ಲೆಕೊಕ್ ಬಾಗಿಲಲ್ಲಿ ನಿಂತು ಹೇಳಿದ್ದು ಇಷ್ಟೇ: “ಹೊಸ ಪ್ರತಿಯಂತಲ್ಲ ಮೇಷ್ಟ್ರೇ, ಏನೂ ಮುಟ್ಟೋಕೆ ಬಿಡಬೇಡಿ. ಆಯಮ್ಮ ತಟ್ಟೆ ತೊಳೀವಾಗ ನೀವು ಹಾಕಿದ್ರಲ್ಲ ಪಿಟೀಲು, ಅದನ್ನ ಕೇಳಿ ನಾನು ಎರಡು ದಿನ ಅತ್ತಿದ್ದೆ.”